ಜೂನ್ ಒಂದರ ಕಾಲು

ಮೂವತ್ತನಾಲ್ಕು ವರ್ಷದ ನೌಕರಿಯಲ್ಲಿ ರುದ್ರಾಣಿ ಟೀಚರು ಯಾರ ಎದುರೂ ತಪ್ಪಾಯಿತು ಅಂದವರಲ್ಲ. ರಿಟೈರಾಗಿ ಎರಡು ವರ್ಷದ ಮೇಲೆ, ಈಗ ಹದಿನೈದು ದಿನದಿಂದ, ಸಿಕ್ಕಸಿಕ್ಕವರ ಮುಂದೆ ತಪ್ಪಾಯಿತು ತಪ್ಪಾಯಿತು ಎಂದು ಹೇಳಿಕೊಂಡು ತಿರುಗುತ್ತಿದ್ದರು. ಕೇಳಿಸಿಕೊಳ್ಳುವ ಪುಣ್ಯಾತ್ಮ ಒಬ್ಬನೂ ಸಿಕ್ಕಿರಲಿಲ್ಲ.

"ಸುಳ್ಳು ಬರೆದವಳು ನಾನು. ನಾನೇ ಬಂದು ಹೇಳ್ತಿದ್ದೀನಲ್ಲಮ್ಮ, ಇನ್ನೇನು ಬೇಕು ನಿಮಗೆ?" ಎಂದು ಅವರು ಮೇಜು ಕುಟ್ಟಿದರು.

ಮೇಜಿನ ಆಚೆ ಕೂತಿದ್ದವಳು ಶಬೀನಾ, ಬೆಳೆಯುವ ಕೃತಕ ಕೈಕಾಲು ನೋಡಿಕೊಳ್ಳುವ ದುರ್ಗದ ಬೆಳೆಯಂಗ ಕೇಂದ್ರದ ಇಂಜಿನಿಯರು. ಅವಳ ಹಿಂದಿನ ಗೋಡೆ ತುಂಬ ಪರದೆಗಳು. ಒಂದೊಂದು ಪರದೆಯಲ್ಲೂ ಉದ್ದಕ್ಕೆ ಹೆಸರುಗಳ ಸಾಲು, ಹೆಸರಿನ ಮುಂದೆ ದಿನದಿನಕ್ಕೆ ಉದ್ದವಾಗುವ ಒಂದು ಗೆರೆ. ಜಿಲ್ಲೆಯಲ್ಲಿ ರಸ್ತೆ ಅಪಘಾತದಿಂದ ಕೈಯೋ ಕಾಲೋ ಕಳೆದುಕೊಂಡ ಸಾವಿರದ ಇನ್ನೂರು ಮಕ್ಕಳು ಆ ಗೋಡೆಯ ಮೇಲಿದ್ದರು.

"ಟೀಚರ್, ನೀವು ಹೇಳೋದು ನನಗೆ ಅರ್ಥ ಆಗುತ್ತೆ. ಸಿಸ್ಟಮ್ಮಿಗೆ ಆಗಲ್ಲ. ಅದಕ್ಕೆ ನಿಮ್ಮ ಬಾಯಿಮಾತಿಗಿಂತ ನೀವು ಬರೆದ ರಿಜಿಸ್ಟರ್ ಮೇಲೆ ನಂಬಿಕೆ ಜಾಸ್ತಿ" ಎಂದಳು ಶಬೀನಾ.

"ಆ ರಿಜಿಸ್ಟರ್ ಬರೆದ ಕೈಯೇ ಇದು!"

"ಅದಕ್ಕೇ ನೋಡಿ, ಅದು ನಿಮ್ಮನ್ನ ಅಷ್ಟು ನಂಬಿರೋದು."

ಟೀಚರಿಗೆ ತಲೆ ಚಿಟ್ಟು ಹಿಡಿಯಿತು. ಶಬೀನಾ ಒಳ್ಳೆಯ ಹುಡುಗಿ, ಅವಳನ್ನು ಬೈಯುವ ಹಾಗೂ ಇರಲಿಲ್ಲ.

ಬೆಳೆಗಾಲು ಅನ್ನುವ ವಸ್ತು ಬಂದು ಆಗಲೇ ಏಳೆಂಟು ವರ್ಷವಾಗಿತ್ತು. ಹಿಂದೆಲ್ಲ ಲಾರಿಯೋ ಬಸ್ಸೋ ಹಾಯ್ದ ಮಗುವಿಗೆ ಪರಿಹಾರ ಅಂದರೆ ಒಂದು ಮೊತ್ತ. ಅದು ಕೈಗೆ ಬರುವ ಹೊತ್ತಿಗೆ ಮಗುವಿಗೆ ಮೀಸೆ ಬಂದಿರುತ್ತಿತ್ತು. ಸರ್ಕಾರಕ್ಕೆ ಯಾವಾಗಲೋ ಒಮ್ಮೆ ಬುದ್ಧಿ ಬಂದು, ಮಗು ಕಳೆದುಕೊಂಡದ್ದನ್ನೇ ತಂದುಕೊಡಬೇಕು, ಕಾಲು ಹೋದರೆ ಕಾಲೇ ಪರಿಹಾರ ಎಂದು ಕಾನೂನು ಮಾಡಿತು. ಮೇಲೆ ಚರ್ಮದ ಬಣ್ಣದ ಹೊದಿಕೆ, ಒಳಗೆ ಒಂದರೊಳಗೊಂದು ಕೂತ ಟೊಳ್ಳು ಕೊಳವೆಗಳು, ಅವುಗಳ ನಡುವೆ ಪೆನ್ನಿನ ರೀಫಿಲ್ಲಿನಷ್ಟು ತೆಳ್ಳಗಿನ ಒಂದು ತಿರುಪು. ದಿನಾ ಬೆಳಿಗ್ಗೆ ಕೇಂದ್ರದಿಂದ ಆಜ್ಞೆ ಹೋದರೆ ಆ ತಿರುಪು ಕೂದಲೆಳೆಯಷ್ಟು ತಿರುಗುತ್ತದೆ, ಕಾಲು ಅಷ್ಟೇ ಅಷ್ಟು ಬೆಳೆಯುತ್ತದೆ. ಮಗುವಿಗೆ ಹದಿನೆಂಟಾಗುವವರೆಗೆ ಕಾಲು ಬದಲಾಯಿಸುವ ರಗಳೆಯೇ ಇಲ್ಲ.

ಎಷ್ಟು ಬೆಳೆಯಬೇಕು ಎಂದು ಹೇಳುವವರು ಯಾರು? ಇನ್ನೊಂದು ಕಾಲನ್ನು ಅಳೆದು ಅದರ ಜೊತೆಗೆ ಬೆಳೆಸಿದರಾಯಿತು ಎಂದು ಯಾರಿಗಾದರೂ ಹೊಳೆಯುತ್ತದೆ. ಮೊದಲು ಹಾಗೇ ಇತ್ತು. ಆಮೇಲೆ ಯಾರೋ ನ್ಯಾಯಾಲಯಕ್ಕೆ ಹೋಗಿ, ಬಡವರ ಮಕ್ಕಳ ಉಳಿದ ಕಾಲು ಹೊಟ್ಟೆಗಿಲ್ಲದೆ ಮೊದಲೇ ಕುಗ್ಗಿರುತ್ತದೆ, ಪರಿಹಾರವನ್ನೂ ಆ ಹಸಿವಿಗೆ ಕಟ್ಟಿಹಾಕುವುದು ಅನ್ಯಾಯ ಎಂದು ವಾದಿಸಿ ಗೆದ್ದರು. ವಾದವೇನೋ ಚೆನ್ನಾಗಿಯೇ ಇತ್ತು. ಅಂದಿನಿಂದ ಕಾಲು ಬೆಳೆಯುವುದು ದಾಖಲೆಯ ಹುಟ್ಟಿದ ದಿನಾಂಕದ ಪ್ರಕಾರ, ಆ ವಯಸ್ಸಿನ ಆರೋಗ್ಯವಂತ ಮಗುವಿಗೆ ಇರಬೇಕಾದ ಅಳತೆಯ ಕಡೆಗೆ.

ಟೀಚರ ಎದೆಗೆ ನಾಟಿದ್ದೂ ಆ ದಿನಾಂಕವೇ.

ಶಾಲೆಗೆ ಮಗುವನ್ನು ಸೇರಿಸಲು ಬಂದ ತಾಯಿಗೆ "ಹುಟ್ಟಿದ ತಾರೀಖು?" ಎಂದು ಕೇಳಿದರೆ, "ಹುಣಸೆಹಣ್ಣು ಬಡಿಯೋ ಟೈಮು ಕಣ್ ಮಿಸ್ಸು" ಎಂದೋ "ನಮ್ಮತ್ತೆ ಸತ್ತ ಮಾರನೇ ವರ್ಷ" ಎಂದೋ ಉತ್ತರ ಬರುತ್ತಿತ್ತು. ಟೀಚರು ಮಗುವನ್ನು ಒಮ್ಮೆ ನೋಡಿ, ಬಲಗೈಯನ್ನು ತಲೆಯ ಮೇಲಿಂದ ತಂದು ಎಡಕಿವಿ ಮುಟ್ಟಿಸಿ, ಜೂನ್ ಒಂದು ಎಂದು ಬರೆಯುತ್ತಿದ್ದರು. ಶಾಲೆ ಶುರುವಾಗುವ ದಿನಕ್ಕೆ ಸರಿಯಾಗಿ ಆರು ತುಂಬಿರಬೇಕು, ಅಷ್ಟೇ. ಕೈ ಕಿವಿಗೆ ಮುಟ್ಟದಿದ್ದರೂ ಎಷ್ಟೋ ಸಲ ಬರೆದದ್ದುಂಟು. ಅವರಿಗಿಂತ ಮೊದಲಿದ್ದ ಮೇಷ್ಟ್ರು ಅದನ್ನೇ ಮಾಡಿದ್ದರು, ಅಕ್ಕಪಕ್ಕದ ಹತ್ತೂರಿನ ಮೇಷ್ಟ್ರುಗಳೂ ಅದನ್ನೇ ಮಾಡಿದ್ದರು. ಇದರಿಂದ ಯಾರಿಗಾದರೂ ಕೆಡುಕಾದೀತು ಎಂದು ಒಬ್ಬರೂ ಯೋಚಿಸಿರಲಿಲ್ಲ.

ಮಲ್ಲೇನಹಳ್ಳಿ ಗೇಟಿನ ಇಂಪನಾಳಿಗೂ ಹಾಗೇ ಬರೆದರು. ತಾಯಿ ಮಾರಕ್ಕ ತೆಂಗಿನ ನಾರಿನ ಫ್ಯಾಕ್ಟರಿಗೆ ಹೋಗುವವಳು, ಗಂಡ ಇಲ್ಲ, ಮಗುವನ್ನು ನೋಡಿಕೊಳ್ಳಲು ಮನೆಯಲ್ಲಿ ಯಾರೂ ಇಲ್ಲ. ಶಾಲೆಯಲ್ಲಾದರೆ ಮಧ್ಯಾಹ್ನದ ಊಟ, ತಲೆಯ ಮೇಲೊಂದು ಸೂರು. ಮಗುವಿಗೆ ಆಗ ನಾಲ್ಕು ವರ್ಷ ಹತ್ತು ತಿಂಗಳು. ಟೀಚರ ಪೆನ್ನು ಅವಳಿಗೆ ಆರು ತುಂಬಿಸಿತು. ಮುಂದಿನ ಫೆಬ್ರವರಿಯಲ್ಲಿ ಹೆದ್ದಾರಿಯ ಲಾರಿಯೊಂದು ಅದೇ ಶಾಲೆಯ ಆವರಣದಲ್ಲಿ ಅವಳ ಬಲಗಾಲನ್ನು ಮೊಣಕಾಲಿನ ಕೆಳಗೆ ತೆಗೆದುಕೊಂಡು ಹೋಯಿತು.

ಹದಿನೈದು ದಿನದ ಹಿಂದೆ, ಬೇಸಿಗೆ ರಜೆಯಲ್ಲಿ, ಟೀಚರು ಆ ಕಡೆ ಹೋದವರು ಮಾರಕ್ಕನ ಮನೆಗೆ ಹಣಕಿದ್ದರು. ಇಂಪನಾ ಅಂಗಳದಲ್ಲಿ ಕುಂಟಾಬಿಲ್ಲೆ ಆಡುತ್ತಿದ್ದಳು. ಎಡಗಾಲಿನ ಚಪ್ಪಲಿಯ ಕೆಳಗೆ ಸೈಕಲ್ ಟೈರಿನ ಎರಡು ತುಂಡು ಹೊಲಿದಿತ್ತು.

"ಇದೇನೇ ಮಾರಕ್ಕ?"

"ಬಲಗಾಲು ಉದ್ದ ಆಗ್ತಾ ಐತೆ ಮಿಸ್ಸು. ಮದ್ಲು ಒಂದು ಟೈರು ಹಚ್ಚಿದ್ದೆ, ಉಗಾದಿ ಆದ್ಮೇಲೆ ಎಲ್ಡು. ಸರ್ಕಾರದೋರು ಕೊಟ್ಟಿರಾದು, ನಾವು ಹೆಂಗೆ ಬ್ಯಾಡ ಅನ್ನಾಕಾಗ್ತೈತೆ?"

ಟೀಚರು ಮಗುವನ್ನು ಗೋಡೆಗೆ ನಿಲ್ಲಿಸಿ ನೋಡಿದರು. ಸೊಂಟ ಒಂದು ಕಡೆಗೆ ಎತ್ತಿಕೊಂಡಿತ್ತು, ಬೆನ್ನು ಅದಕ್ಕೆ ತಕ್ಕಂತೆ ಇನ್ನೊಂದು ಕಡೆ ವಾಲಿತ್ತು. ಎರಡು ಸೆಂಟಿಮೀಟರಿನ ವ್ಯತ್ಯಾಸ. ತೆಗೆದಿಡಲೂ ಆಗುವುದಿಲ್ಲ, ಕೊಳವೆಗಳ ಬುಡ ಮೂಳೆಗೇ ಕೂಡಿಸಿತ್ತು. ತಾನು ಹೆಚ್ಚಿಸಿ ಬರೆದ ಹದಿನಾಲ್ಕು ತಿಂಗಳಲ್ಲಿ ಒಂದು ಮಗು ಎಷ್ಟು ಬೆಳೆಯುತ್ತದೆ ಎಂದು ಲೆಕ್ಕ ಹಾಕಲು ಟೀಚರಿಗೆ ಯಾವ ಪರದೆಯೂ ಬೇಕಾಗಲಿಲ್ಲ. ಅಲ್ಲೇ ಕಟ್ಟೆಯ ಮೇಲೆ ಕುಸಿದು ಕೂತರು. ಮಾರಕ್ಕ ಬಿಸಿಲಿಗೆ ತಲೆ ಸುತ್ತಿತೇನೋ ಎಂದು ಮಜ್ಜಿಗೆ ತಂದುಕೊಟ್ಟಳು.

ಅಂದಿನಿಂದ ಶುರುವಾಯಿತು ಈ ಅಲೆದಾಟ. ಜನನ ಪ್ರಮಾಣಪತ್ರ ತಿದ್ದಿಸೋಣ ಎಂದರೆ, ಅದನ್ನು ಮಾಡಿಸಿದ್ದೇ ಶಾಲೆಯ ದಾಖಲೆ ನೋಡಿ. ಮಗು ಹುಟ್ಟಿದ್ದು ಫ್ಯಾಕ್ಟರಿಯ ಟ್ರ್ಯಾಕ್ಟರಿನಲ್ಲಿ, ಆಸ್ಪತ್ರೆಗೆ ಹೋಗುವ ದಾರಿಯಲ್ಲಿ. ಶಾಲೆಯ ದಾಖಲೆ ತಿದ್ದಿಸೋಣ ಎಂದರೆ ಜನನ ಪ್ರಮಾಣಪತ್ರ ತನ್ನಿ ಎಂದರು. ಎರಡು ಕಾಗದಗಳೂ ಒಂದರ ಹೆಗಲ ಮೇಲೊಂದು ಕೈಹಾಕಿಕೊಂಡು ನಿಂತಿದ್ದವು.

ಶಬೀನಾ ತಾನಾಗಿಯೇ ಮಗುವಿನ ಮಣಿಕಟ್ಟಿನ ಎಕ್ಸ್‌ರೇ ತೆಗೆಸಿದ್ದಳು. ಮೂಳೆಯ ವಯಸ್ಸು ಎಂಟು ಮುಕ್ಕಾಲು ಎಂದು ಅದು ಸ್ಪಷ್ಟವಾಗಿ ಹೇಳಿತು. ಅದನ್ನು ಸಿಸ್ಟಮ್ಮಿಗೆ ಕೊಟ್ಟರೆ ಬಂದ ಉತ್ತರವನ್ನು ಅವಳು ಈಗ ಟೀಚರಿಗೆ ತೋರಿಸಿದಳು.

"ಓದಿ. ನಾನು ಬಾಯಿಬಿಟ್ಟು ಹೇಳಲಾರೆ."

ಟೀಚರು ಕನ್ನಡಕ ಏರಿಸಿ ಓದಿದರು. ಫಲಾನುಭವಿಯ ವಯಸ್ಸು ಒಂಬತ್ತು ವರ್ಷ ಹನ್ನೊಂದು ತಿಂಗಳು. ಬಲಗಾಲು: ತೃಪ್ತಿಕರ. ಎಡಗಾಲು: ಬೆಳವಣಿಗೆ ಕುಂಠಿತ. ಮೂಳೆಯ ವಯಸ್ಸು ಹಿಂದುಳಿದಿರುವುದು ಇದನ್ನು ದೃಢಪಡಿಸುತ್ತದೆ. ಅಪಘಾತದ ಅಡ್ಡಪರಿಣಾಮವೆಂದು ಪರಿಗಣಿಸಿ ಹೆಚ್ಚುವರಿ ಪರಿಹಾರ ಮಂಜೂರಾಗಿದೆ: ಎಡ ಮೊಣಕಾಲಿನ ಕೆಳಗಿನ ಮೂಳೆಯನ್ನು ಕತ್ತರಿಸಿ ಹಿಗ್ಗಿಸುವ ಸಲಾಕೆ ಅಳವಡಿಸುವುದು. ಶಸ್ತ್ರಚಿಕಿತ್ಸೆಯ ದಿನಾಂಕ ಜೂನ್ ಆರು.

"ಚೆನ್ನಾಗಿರೋ ಕಾಲನ್ನ ಕುಯ್ತಾರಾ?"

"ಸುಳ್ಳುಕಾಲಿಗೆ ನಿಜಕಾಲು ಸಮ ಆಗಬೇಕಲ್ಲ ಟೀಚರ್. ಇನ್ನೊಂದು ವಿಷಯ. ಜೂನ್ ಒಂದಕ್ಕೆ ಅವಳಿಗೆ ದಾಖಲೆಯಲ್ಲಿ ಹತ್ತು ತುಂಬುತ್ತೆ. ಹೆಣ್ಣುಮಕ್ಕಳಿಗೆ ಹತ್ತಾದರೆ ಸಿಸ್ಟಮ್ ತಿರುಪಿನ ವೇಗ ಎರಡರಷ್ಟು ಮಾಡುತ್ತೆ. ಆಜ್ಞೆ ಕಳಿಸೋದು ಸಿಸ್ಟಮ್ಮೇ, ಅದನ್ನು ನಾನು ಕೈಯಾರೆ ನಿಲ್ಲಿಸೋಕಾಗಲ್ಲ. ಇವತ್ತು ಮೇ ಇಪ್ಪತ್ತಾರು."

ಟೀಚರು ಬ್ಯಾಗು ಎತ್ತಿಕೊಂಡು ಸೀದಾ ಮಕ್ಕಳ ಪರಿಹಾರ ಮಂಡಳಿಗೆ ನಡೆದರು. ಅಲ್ಲಿಯ ಕಾರ್ಯದರ್ಶಿ ಪರಶುರಾಮಪ್ಪ ಮೆತ್ತಗಿನ ಮನುಷ್ಯ. ಕುರ್ಚಿ ಕೊಟ್ಟರು, ನೀರು ಕೊಟ್ಟರು, ಇಡೀ ಕಥೆ ಕೇಳಿದರು. ಕೇಳುತ್ತಾ ಕೇಳುತ್ತಾ ಅವರ ಮುಖದಲ್ಲಿ ಒಂದು ನಗು ಮೂಡಿ, ಹಾಗೇ ಮಾಯವಾಯಿತು.

"ಮೇಡಂ, ನಂದೂ ಜೂನ್ ಒಂದೇ" ಎಂದರು ಮೆಲ್ಲಗೆ.

"ಹಾಗಾದರೆ ನಿಮಗೆ ಗೊತ್ತಲ್ಲ! ಒಂದು ಸಾಲು ಬರೆದುಕೊಡಿ, ಜೂನ್ ಒಂದು ಅನ್ನೋದು ಹುಟ್ಟಿದ ದಿನ ಅಲ್ಲ ಅಂತ."

"ಅದು ಹೇಗಾಗುತ್ತೆ ಮೇಡಂ? ನಾನು ಹಾಗೆ ಬರೆದರೆ ನನ್ನ ನೌಕರಿ, ನನ್ನ ಬಡ್ತಿ, ನಮ್ಮ ಅಧ್ಯಕ್ಷರ ನೌಕರಿ..." ಅವರು ಬಾಗಿಲ ಕಡೆ ನೋಡಿ ದನಿ ತಗ್ಗಿಸಿದರು. "ಅವರದೂ ಅದೇ ತಾರೀಖು. ಇಡೀ ಕಚೇರಿ ಒಂದೇ ದಿನ ಕೇಕ್ ಕುಯ್ಯುತ್ತೆ. ನೀವು ಒಂದು ಅರ್ಜಿ ಕೊಟ್ಟು ಹೋಗಿ, ತೊಂಬತ್ತು ದಿನದಲ್ಲಿ ಉತ್ತರ ಬರುತ್ತೆ."

"ಇನ್ನು ಐದೇ ದಿನ ಇದೆ!"

"ತುರ್ತು ಅಂತ ಮೇಲೆ ಬರೀರಿ."

ಟೀಚರು ಹಲ್ಲು ಕಡಿದರು. ನಾಲ್ಕನೇ ಕ್ಲಾಸಿನ ಹುಡುಗನಾಗಿದ್ದರೆ ಆ ಕಿವಿಯನ್ನು ಹಿಂಡಿಯೇ ಬಿಡುತ್ತಿದ್ದರು. ತುರ್ತು ಎಂದು ದಪ್ಪಗೆ ಬರೆದು ಅರ್ಜಿ ಕೊಟ್ಟು ಬಂದರು. ಬಸ್ ಸ್ಟ್ಯಾಂಡಿನಲ್ಲಿ ಕೂತಾಗ ಸಿಟ್ಟೆಲ್ಲ ಇಳಿದು, ಮೂರು ವರ್ಷದಿಂದ ಅದುಮಿಟ್ಟಿದ್ದ ಮಾತೊಂದು ಮೇಲೆ ಬಂತು. ನಿಜವಾದ ವಯಸ್ಸು ಬರೆದಿದ್ದರೆ ಆ ಫೆಬ್ರವರಿಯಲ್ಲಿ ಆ ಮಗು ಶಾಲೆಯಲ್ಲೇ ಇರುತ್ತಿರಲಿಲ್ಲ. ಕಾಲು ಉದ್ದವಾಗಿದ್ದು ಆಮೇಲಿನ ಮಾತು, ಕಾಲು ಹೋದದ್ದೇ ತನ್ನಿಂದ. ಇದನ್ನು ಅವರು ಯಾರಿಗೂ ಹೇಳಿರಲಿಲ್ಲ. ಮಾರಕ್ಕನಿಗೆ ಇದು ಹೊಳೆದಿದೆಯೋ ಇಲ್ಲವೋ ಎಂಬ ಭಯಕ್ಕೇ ಅವರು ಎಷ್ಟೋ ದಿನ ಆ ಓಣಿಗೆ ಕಾಲಿಟ್ಟಿರಲಿಲ್ಲ.

ಇಪ್ಪತ್ತೆಂಟರ ಮಧ್ಯಾಹ್ನ ಶಬೀನಾಳ ಫೋನು ಬಂತು. "ಟೀಚರ್, ನಿಯಮಾವಳಿಯ ನಾನೂರು ಪುಟ ಓದಿದೆ. ಒಂದು ದಾರಿ ಇದೆ, ಆದರೆ ಹೇಳೋಕೆ ನನಗೇ ಸಂಕಟ."

"ಹೇಳಮ್ಮ, ಸಂಕಟ ಆಮೇಲೆ ಪಡೋಣ."

"ವಯಸ್ಸಿನ ದಾಖಲೆ ಫೋರ್ಜರಿ ಅಂತ ಪೊಲೀಸ್ ಕೇಸಾದರೆ, ತನಿಖೆ ಮುಗಿಯೋವರೆಗೆ ಅದನ್ನ ಸಿಸ್ಟಮ್ ಬಳಸೋ ಹಾಗಿಲ್ಲ. ತಿರುಪು ತಾನಾಗೇ ನಿಲ್ಲುತ್ತೆ, ಆಪರೇಷನ್ನೂ ನಿಲ್ಲುತ್ತೆ. ಆದರೆ ನೀವೇ ಹೋಗಿ ಒಪ್ಪಿಕೊಂಡರೆ ಆಗಲ್ಲ. ಮಗುವಿನ ತಾಯಿ ನಿಮ್ಮ ಮೇಲೆ ದೂರು ಕೊಡಬೇಕು. ನಿಮ್ಮ ಪೆನ್ಷನ್ ನಿಲ್ಲಬಹುದು. ಅರೆಸ್ಟೂ..."

"ಅಷ್ಟೇ ತಾನೆ?" ಎಂದು ಟೀಚರು ಫೋನಿಟ್ಟು ಚಪ್ಪಲಿ ಮೆಟ್ಟಿದರು. ಹದಿನೈದು ದಿನದಲ್ಲಿ ಮೊದಲ ಸಲ ಅವರಿಗೆ ಉಸಿರು ಸರಾಗವಾಗಿತ್ತು.

ಆ ಉಸಿರು ಮಾರಕ್ಕನ ಅಂಗಳದವರೆಗೂ ಬರಲಿಲ್ಲ.

"ನಿಮ್ ಮ್ಯಾಲೆ ಕಂಪ್ಲೇಂಟಾ? ನನ್ಗೇನ್ ತಲೆ ಕೆಟ್ಟೈತಾ ಮಿಸ್ಸು?" ಮಾರಕ್ಕ ಒಲೆ ಮುಂದಿಂದ ಏಳಲೂ ಇಲ್ಲ. "ಊರಾಗೆ ಮಕ ಎತ್ಕಂಡ್ ತಿರುಗ್‌ಬ್ಯಾಡ್ವಾ ನಾನು? ಅಕ್ಷರ ಕಲ್ಸಿದೋರ್ನ ಜೈಲಿಗ್ ಹಾಕ್ಸಿದ್ಲು ಅಂತ ಉಗಿಯಾಕಿಲ್ವಾ ಜನ?"

"ಜನ ಹಾಳಾಗಿ ಹೋಗ್ಲಿ! ಒಂದನೇ ತಾರೀಖು ಬೆಳಿಗ್ಗೆಯಿಂದ ಅದು ಎರಡರಷ್ಟು ಬೆಳೆಯುತ್ತೆ ಕಣೇ. ಆರಕ್ಕೆ ಇರೋ ಒಳ್ಳೇ ಕಾಲನ್ನೂ ಕುಯ್ತಾರೆ."

"ನಾನು ಕಳ್ಸಲ್ಲ. ಮನ್ಯಾಗೆ ಬಚ್ಚಿಟ್ಕಂತೀನಿ."

"ಮನೆಯಲ್ಲಿ ಬಚ್ಚಿಟ್ಟರೂ ಬೆಳಿಗ್ಗೆ ತಿರುಪು ತಿರುಗುತ್ತಲ್ಲೇ! ಅದರ ಆಜ್ಞೆ ಗಾಳಿಯಲ್ಲಿ ಬರುತ್ತೆ!"

"ಬ್ಯಾರೆ ಯಾರ್ ಮ್ಯಾಲಾದ್ರೂ ಕೊಡಾಣ. ಹಳೇ ಹೆಡ್ ಮೇಷ್ಟ್ರು ಸತ್ತೋಗ್ಯವ್ರಲ್ಲ, ಅವ್ರೆಸ್ರು ಬರ್ಸಿದ್ರೆ?"

ಟೀಚರು ಹಣೆ ಚಚ್ಚಿಕೊಂಡರು. "ಸತ್ತವರ ಮೇಲೆ ಕೇಸು ನಿಲ್ಲಲ್ಲ. ಸಹಿ ನಂದು, ಅಕ್ಷರ ನಂದು. ಮಾರಕ್ಕ, ನಿನ್ನ ಕಾಲಿಗೆ ಬೀಳ್ತೀನಿ, ನನ್ನ ಮೇಲೆ ಒಂದು ದೂರು ಕೊಡೇ."

ನಿಜಕ್ಕೂ ಬಗ್ಗಿಯೇಬಿಟ್ಟರು. ಮಾರಕ್ಕ ಗಾಬರಿಯಿಂದ ಎದ್ದು ಹಿಂದೆ ಸರಿದಳು. ಬಾಗಿಲಲ್ಲಿ ನಿಂತಿದ್ದ ಇಂಪನಾ ಒಳಗೆ ಬಂದು ಬರಿಗಾಲಲ್ಲಿ ಗೋಡೆ ಹಿಡಿದು ನಿಂತಳು. ಟೈರಿನ ಚಪ್ಪಲಿ ಇಲ್ಲದೆ ಅವಳ ಇಡೀ ಮೈ ಎಡಕ್ಕೆ ಜಗ್ಗಿತ್ತು.

"ಅವ್ವ, ಬೆನ್ನು ನೋಯ್ತೈತೆ" ಎಂದಳು. ಮಾರಕ್ಕ ಮಗಳನ್ನು ನೋಡಿ, ಒಲೆಯ ಕಟ್ಟಿಗೆ ಹೊರಗೆಳೆದು ನೀರು ಎರಚಿದಳು.

ಸ್ಟೇಷನ್ನಿಗೆ ಮೂವರೂ ಮತ್ತೆ ಹೋದದ್ದು ಮೂವತ್ತರ ಬೆಳಿಗ್ಗೆ. ಇಪ್ಪತ್ತೊಂಬತ್ತರಂದು ಹೋದರೆ ಸಾಹೇಬರಿಲ್ಲ ಎಂದು ವಾಪಸ್ಸು ಕಳಿಸಿದ್ದರು. ಮೂವತ್ತಕ್ಕೂ ಸಾಹೇಬರಿರಲಿಲ್ಲ, ಆದರೆ ದೂರು ಬರೆದುಕೊಳ್ಳುವ ರೈಟರ್ ಗವಿರಂಗಪ್ಪ ಇದ್ದ. ಟೀಚರನ್ನು ಕಂಡವನೇ ಎದ್ದು ನಿಂತ, ಅವರ ಬಳಿಯೇ ಏಳನೇ ಕ್ಲಾಸು ಮುಗಿಸಿದವನು.

"ಮಿಸ್, ನಿಮ್ಮ ಮೇಲೆ ನಾನು ಎಫ್‌ಐಆರ್ ಬರೀಬೇಕಾ? ಅದೂ ಇದಕ್ಕೆ? ನಾನು, ನಮ್ಮಣ್ಣ ನಿಮ್ಮ ರಿಜಿಸ್ಟರಲ್ಲಿ ಅವಳಿಜವಳಿ. ಅವನು ನನಗಿಂತ ಎರಡು ವರ್ಷ ದೊಡ್ಡೋನು."

"ಗವಿರಂಗ, ಬಾಯಿ ಮುಚ್ಚಿಕೊಂಡು ಬರಿ."

ಅವನು ಬಾಯಿ ಮುಚ್ಚಿಕೊಂಡು ಕೂತ. ಹಾಳೆ ತೆಗೆದು, ಪೆನ್ನಿನ ಟೋಪಿ ತೆಗೆದು, ಮಾರಕ್ಕನ ಕಡೆ ತಿರುಗಿದ. "ಇವರಿಂದ ನಿಮಗಾದ ಅನ್ಯಾಯ ಏನಮ್ಮ?"

ಮಾರಕ್ಕ ಸೆರಗಿನ ತುದಿ ಹಿಂಡುತ್ತಾ ಯೋಚಿಸಿದಳು. "ನನ್ ಮಗ್ಳಿಗೆ ಎಲ್ರಿಗಿಂತ ಒಂದ್ ವರ್ಷ ಮದ್ಲೇ ಅನ್ನ ಹಾಕಿದ್ರು, ಅಕ್ಷರ ಕಲ್ಸಿದ್ರು. ಅದೇನಿದ್ರೂ ಬರ್ಕಳಿ."

ಗವಿರಂಗಪ್ಪ ಪೆನ್ನು ಕೆಳಗಿಟ್ಟ. "ಇದು ಕೇಸಾಗಲ್ಲಮ್ಮ."

"ಆಗಲ್ಲ ಅಂದ್ರೆ? ಕೊಡು ಇಲ್ಲಿ" ಎಂದು ಟೀಚರು ಕುರ್ಚಿ ಎಳೆದುಕೊಂಡರು. "ನಾನು ಹೇಳ್ತೀನಿ, ನೀನು ಬರಿ. ಸದರಿ ಶಾಲೆಯ ಮುಖ್ಯಶಿಕ್ಷಕಿಯಾಗಿದ್ದ ರುದ್ರಾಣಿ ಎಂಬವರು... ಎಂಬುವವರು ಅಲ್ಲ, ಎಂಬವರು... ಉದ್ದೇಶಪೂರ್ವಕವಾಗಿ ಸುಳ್ಳು ಜನ್ಮದಿನಾಂಕವನ್ನು ನಮೂದಿಸಿ ದಾಖಲೆ ಸೃಷ್ಟಿಸಿರುತ್ತಾರೆ. ನಮೂದಿಸಿ ಅನ್ನೋದನ್ನ ದೀರ್ಘ ಹಾಕಿ ಬರಿ."

ಗವಿರಂಗಪ್ಪ ತಿದ್ದಿಕೊಂಡ. ಸಾಲಿನ ಮೇಲೆ ಸಾಲು ಬಂತು. ಕಾಲು ಉದ್ದವಾಗಿರುವುದು, ಬೆನ್ನು ವಾಲಿರುವುದು, ಎಕ್ಸ್‌ರೇ. ತಮ್ಮ ಮೇಲಿನ ಆರೋಪವನ್ನು ಟೀಚರು ನಿಲ್ಲಿಸದೆ ಹೇಳಿಸಿ ಬರೆಸಿದರು. ಕೊನೆಯ ಸಾಲಿಗೆ ಬಂದಾಗ ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು.

"ಇದನ್ನೂ ಬರಿ. ಆರೋಪಿಯು ಹೀಗೆ ಬರೆಯದೆ ಇದ್ದಿದ್ದರೆ, ಮಗು ಆ ದಿನ ಶಾಲೆಯಲ್ಲಿ ಇರುತ್ತಲೇ ಇರಲಿಲ್ಲ. ಆದ್ದರಿಂದ ಮಗುವಿನ ಕಾಲು ಹೋಗಲು ಆರೋಪಿಯೇ ಕಾರಣ."

ಗವಿರಂಗಪ್ಪ ತಲೆಯೆತ್ತಿ ನೋಡಿದ. "ಬರಿ" ಎಂದರು ಟೀಚರು. ಅವನು ಬರೆದ. ಟೀಚರಿಗೆ ಮಾರಕ್ಕನ ಮುಖ ನೋಡುವ ಧೈರ್ಯವಾಗಲಿಲ್ಲ.

"ಈಗ ಬರ್ದಿದ್ದು ಏನು, ಓದ್ರಿ" ಎಂದಳು ಮಾರಕ್ಕ. ಗವಿರಂಗಪ್ಪ ಓದಿದ. ಮಾರಕ್ಕ ಹಾಳೆಯ ಮೇಲೆ ಅಂಗೈ ಊರಿದಳು.

"ಅದ್ನ ಹೊಡ್ದಾಕ್ರಿ. ಇದಿದ್ರೆ ನಾನು ಸಹಿ ಹಾಕಾಕಿಲ್ಲ."

"ಅದೇ ನಿಜ ಕಣೇ ಮಾರಕ್ಕ. ಮೂರು ವರ್ಷದಿಂದ..."

"ಯಾವ್ದ್ ನಿಜ?" ಮಾರಕ್ಕನ ದನಿ ಸ್ಟೇಷನ್ ತುಂಬ ಕೇಳಿಸಿತು. "ನನ್ ಮಗ್ಳು ಊಟ ಮಾಡಿ ನಲ್ಲಿ ತಾವ ತಟ್ಟೆ ತೊಳೀತಿದ್ಲು. ರಸ್ತೆಗ್ ಹೋಗಿರ್ಲಿಲ್ಲ ಅವ್ಳು. ಲಾರಿ ಗೋಡೆ ಒಡ್ಕಂಡು ಒಳಿಕ್ ಬಂತು. ಡ್ರೈವರ್ ನಿದ್ದೆ ಮಾಡಿದ್ನಂತೆ. ನನ್ಗೂ ಮದ್ಲು ಹಂಗೇ ಅನ್ನಿಸ್ತಿತ್ತು ಮಿಸ್ಸು, ನಾನ್ಯಾಕೆ ಅವತ್ತು ಕಳಿಸ್ದೆ, ನಾನ್ಯಾಕೆ ಸೇರಿಸ್ದೆ ಅಂತ. ಒಂದ್ ವರ್ಷ ಅನ್ನ ಇಳೀಲಿಲ್ಲ. ಆಮ್ಯಾಲೆ ಬಿಟ್ಟಾಕ್ದೆ. ಲಾರಿಯೋನು ಮಾಡಿದ್ದನ್ನ ನಾವ್ಯಾಕೆ ಹಂಚ್ಕಳಾಣ?"

ಟೀಚರು ಗವಿರಂಗಪ್ಪನ ಕೈಯಿಂದ ಪೆನ್ನು ತೆಗೆದುಕೊಂಡು ಆ ಎರಡು ಸಾಲುಗಳನ್ನು ಹೊಡೆದುಹಾಕಿದರು. ಗೆರೆ ಸೊಟ್ಟಗೆ ಬಂತು. ಆಮೇಲೆ ಸೆರಗಿನಿಂದ ಮುಖ ಮುಚ್ಚಿಕೊಂಡು, ಮಕ್ಕಳು ಅಳುವ ಹಾಗೆ, ಸದ್ದು ಮಾಡಿ ಅತ್ತರು.

ಮಾರಕ್ಕ ಸಹಿ ಹಾಕಿದಳು. ಗವಿರಂಗಪ್ಪ ಅದನ್ನು ಕಂಪ್ಯೂಟರಿಗೆ ಏರಿಸಿದ. ಹತ್ತು ನಿಮಿಷಕ್ಕೆ ಶಬೀನಾಳ ಫೋನು ಬಂತು.

"ನಿಂತಿತು ಟೀಚರ್. ಇಂಪನಾಳ ಗೆರೆ ನಿಂತಿದೆ. ಆಪರೇಷನ್ ಪಟ್ಟಿಯಿಂದಲೂ ಹೆಸರು ಹೋಗಿದೆ. ಇನ್ನು ಎಡಗಾಲು ತಾನಾಗಿ ಬೆಳೆದು ಬಲಗಾಲನ್ನ ಹಿಡಿಯೋಕೆ ಹದಿನಾಲ್ಕು ತಿಂಗಳು ಬೇಕು. ಅಲ್ಲಿವರೆಗೂ ಕೇಸು ಮುಗಿಯಬಾರದು."

"ಮುಗಿಯಲ್ಲ ಬಿಡಮ್ಮ" ಎಂದು ಟೀಚರು ಮೂಗು ಒರೆಸಿಕೊಂಡರು. "ನಮ್ಮ ಕೋರ್ಟಿನ ಮೇಲೆ ನನಗೆ ಪೂರ್ತಿ ನಂಬಿಕೆ ಇದೆ."

ಗವಿರಂಗಪ್ಪ ತಲೆ ಕೆರೆದುಕೊಂಡ. "ಮಿಸ್, ಸಾಹೇಬ್ರು ಬರೋವರೆಗೆ ನೀವು ಇಲ್ಲೇ ಇರಬೇಕಾಗುತ್ತೆ. ಆರೋಪಿ ಅಲ್ವಾ."

"ಇರ್ತೀನಿ. ಫ್ಯಾನ್ ಹಾಕು."

ಬೆಂಚಿನ ಮೇಲೆ ಕೂತಿದ್ದ ಇಂಪನಾ ತಾಯಿಯ ಕೈ ಜಗ್ಗಿದಳು. "ಅವ್ವ, ಮಿಸ್ಸನ್ನ ಜೈಲಿಗಾಕ್ತಾರಾ?"

"ಹಾಕಿದ್ರೆ ಹಾಕ್ಲಿ" ಎಂದು ಮಾರಕ್ಕ ಟೀಚರ ಪಕ್ಕದಲ್ಲೇ ನೆಲದ ಮೇಲೆ ಕೂತಳು. "ನಾವು ದಿನಾ ಬುತ್ತಿ ತಗಂಡ್ ಹೋಗಾಣ. ನಿನ್ಗೆ ಒಂದ್ ವರ್ಷ ಜಾಸ್ತಿ ಉಣ್ಣಾಕಿಕ್ಕಿಲ್ವಾ ಅವ್ರು?"